ಬಸ್‌ಸ್ಟ್ಯಾಂಡಿನ ತನಕ ನಂದು

ಬೀದರಿನ ಗಾಂಧಿ ಗಂಜಿನ ಹಿಂದಿನ ಓಣಿಯಲ್ಲಿ ಬೈಂಡಿಂಗ್ ಮಾಡುವ ಒಬ್ಬ ಚಾಚಾ ಇದ್ದಾರೆ. ಅಡತಿ ಅಂಗಡಿಗಳ ಲೆಕ್ಕದ ವಹಿ ಕಟ್ಟುವುದು ಅವರ ಕಾಯಂ ಕೆಲಸ. ನಮ್ಮಂಥ ಕಾಲೇಜಿನವರದು ಅಷ್ಟಕ್ಕಷ್ಟೇ. ಮೊನ್ನೆ ಜೆರಾಕ್ಸ್ ಮಾಡಿಸಿದ ಎರಡು ಕಟ್ಟು ಹಾಳೆ ಹಿಡಿದು ಅವರ ಮುಂದೆ ನಿಂತಿದ್ದೆ. ಸ್ಟೋವಿನ ಮೇಲೆ ಮೈದಾ ಅಂಟು ಕುದಿಯುತ್ತಿತ್ತು. ಆ ಹುಳಿ ವಾಸನೆ ನಿಮಗೂ ಗೊತ್ತಿರಬೇಕು, ಹಳೇ ಗ್ರಂಥಾಲಯದ ಪುಸ್ತಕ ತೆರೆದರೆ ಮೂಗಿಗೆ ಬಡಿಯುವಂಥದ್ದು.

"ಎರಡು ಕಿತಾಬ್ ಮಾಡ್ಲೇನ್ರಿ ಮೇಡಂ, ಒಂದರಾಗೇ ಹೊಲೀಲಿ?" ಎಂದು ಕೇಳಿದರು.

ಇಷ್ಟು ಸಣ್ಣ ಮಾತಿಗೆ ನನಗೆ ಉತ್ತರ ಬರಲಿಲ್ಲ. ಯಾಕೆ ಬರಲಿಲ್ಲ ಎಂದು ಹೇಳಬೇಕಾದರೆ ನಿಮ್ಮನ್ನು ಔರಾದಿಗೆ ಕರೆದುಕೊಂಡು ಹೋಗಬೇಕು.

ಔರಾದಿನ ಕಡೆ ನಮ್ಮದು ಕುರಿ ಮೇಯಿಸುವ ಮನೆತನ. ಅದರಲ್ಲಿ ಹೆಸರಿನ ಮುಂದೆ ಬಿ.ಎ. ಎಂದು ಬರೆದುಕೊಂಡವಳು ನಾನೇ ಮೊದಲು. ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ, ಪುಕ್ಕಟೆ ಬಂದದ್ದಲ್ಲ ಅದು. ಅಲ್ಲಿ ಒಂದೇ ಕೋಣೆಯ ಗ್ರಂಥಾಲಯವಿತ್ತು. ದೊಡ್ಡ ದೊಡ್ಡ ಗಂಡಸರ ದೊಡ್ಡ ದೊಡ್ಡ ಪುಸ್ತಕಗಳು ಗಾಜಿನ ಕಪಾಟಿನಲ್ಲಿ ಕೀಲಿ ಹಾಕಿಸಿಕೊಂಡು ಕೂತಿದ್ದವು. ಹೆಂಗಸರು ಬರೆದ ಕಾದಂಬರಿಗಳು ಕಿಟಕಿಯ ಕಟ್ಟೆಯ ಮೇಲೆ ಬಿದ್ದಿರುತ್ತಿದ್ದವು. ಯಾರು ಒಯ್ದರು, ಯಾರು ತಂದರು ಎಂದು ಕೇಳುವವರಿಲ್ಲ. ಕೀಲಿ ಇಲ್ಲದ್ದನ್ನೇ ನಾನು ಓದಿದೆ. ನನ್ನ ಸಾಹಿತ್ಯಾಭ್ಯಾಸದ ಬುನಾದಿ ಇಷ್ಟೇ, ಇದರಲ್ಲಿ ಅಭಿರುಚಿಯ ಮಾತೇನೂ ಇಲ್ಲ.

ತಿಂಗಳಿಗೊಂದು ಬರುತ್ತಿದ್ದ ತೆಳ್ಳನೆಯ ಕಾದಂಬರಿಗಳವು. ರಕ್ಷಾಪುಟ ಹರಿದ ಮೇಲೆ ರಟ್ಟು ಹಾಕಿಸಿ ಇಡುತ್ತಿದ್ದರು. ಅಂಥದ್ದೊಂದು ನನ್ನ ಕೈಗೆ ಬಂತು. ಶೀರ್ಷಿಕೆಯ ಹಾಳೆ ಇರಲಿಲ್ಲ. ಬೆನ್ನಿನ ಮೇಲೆ ಬಿಳಿ ಬಣ್ಣದಲ್ಲಿ 'ಪಾರ್ವತಿಬಾಯಿ, ಭಾಲ್ಕಿ' ಎಂದಷ್ಟೇ ಬರೆದಿತ್ತು. ಅವ್ವ ಮೊರದಲ್ಲಿ ತೊಗರಿ ಹಸನು ಮಾಡುತ್ತಿದ್ದರೆ ನಾನು ಪಕ್ಕದಲ್ಲಿ ಕೂತು ಗಟ್ಟಿಯಾಗಿ ಓದಿ ಹೇಳುತ್ತಿದ್ದೆ. ಅವ್ವನಿಗೆ ಓದು ಬರದು, ಕತೆ ಚೆನ್ನಾಗಿ ಬರುತ್ತಿತ್ತು.

ಕತೆಯ ಹೆಣ್ಣು ಕಮಲಾ. ತುಂಬಿದ ಮನೆಯ ಸೊಸೆ. ಆಕೆ ಏನೋ ಹೇಳಲು ಬಾಯಿ ತೆರೆಯುತ್ತಾಳೆ, ಅಷ್ಟರಲ್ಲಿ ಒಳಗಿನಿಂದ ಯಾರೋ ಕರೆಯುತ್ತಾರೆ, ಮಾತು ಅಲ್ಲಿಗೇ ಕಡಿಯುತ್ತದೆ. ಪುಟದ ಮೇಲೆ ಪುಟ ಹೀಗೇ. ಕೊನೆಗೊಂದು ದಿನ ಟ್ರಂಕು ಹಿಡಿದು ಬಸ್‌ಸ್ಟ್ಯಾಂಡಿಗೆ ಬರುತ್ತಾಳೆ. ಪುಟ ತಿರುವಿದರೆ ಬೇರೆ ಊರು. ಟ್ರಂಕು ಹಿಡಿದ ಹೆಣ್ಣುಮಗಳೊಬ್ಬಳು ಬಸ್ಸಿನಿಂದ ಇಳಿಯುತ್ತಿದ್ದಾಳೆ. ಆದರೆ ಹೆಸರು ಶಾರದಾ.

"ಯವ್ವಾ, ಹೆಸರೇ ಬದಲಾಗ್ಯಾದಲ್ಲ" ಅಂದೆ.

ಅವ್ವ ಮೊರದಿಂದ ತಲೆ ಎತ್ತಲಿಲ್ಲ. "ತವರಿನ ಹೆಸರಿರಬೇಕು. ಮುಂದ ಓದು."

ನಿಮಗೆ ನಗು ಬರಬಹುದು. ನಮಗೆ ಅದರಲ್ಲಿ ವಿಚಿತ್ರವೇನೂ ಇರಲಿಲ್ಲ. ಅವ್ವನ ತವರು ಕಮಲನಗರದ ಕಡೆ. ಮದುವೆಯಲ್ಲಿ ಅಕ್ಕಿ ಹರಡಿದ ತಾಟಿನೊಳಗೆ ಅಪ್ಪ ಉಂಗುರದಿಂದ ಹೊಸ ಹೆಸರು ಬರೆದನಂತೆ. ಅಂದಿನಿಂದ ಸುಭದ್ರಾ ಹೋಗಿ ಲಕ್ಷ್ಮೀಬಾಯಿ ಆದಳು. ಅಪ್ಪನಿಗೆ ಅಕ್ಷರ ಬರುತ್ತಿರಲಿಲ್ಲ, ಭಟ್ಟರು ಕೈ ಹಿಡಿದು ಬರೆಸಿದರು ಅನ್ನುವುದು ಬೇರೆ ಮಾತು. ಕಮಲನಗರದಲ್ಲಿ ಬಸ್ಸಿನಿಂದ ಇಳಿದು ನಾಲ್ಕು ಹೆಜ್ಜೆ ಹಾಕುವಷ್ಟರಲ್ಲಿ "ಸುಭದ್ರಾ ಆಲೀ", ಸುಭದ್ರಾ ಬಂದಳು ಎಂದು ಯಾರೋ ಮರಾಠಿಯಲ್ಲಿ ಕೂಗುತ್ತಿದ್ದರು, ಅವ್ವನ ನಗುವಿನ ದನಿಯೇ ಬದಲಾಗುತ್ತಿತ್ತು. ಆದ್ದರಿಂದ ಕಮಲಾ ಶಾರದಾ ಆದದ್ದನ್ನು ನಾವಿಬ್ಬರೂ ಒಪ್ಪಿಕೊಂಡು ಮುಂದೆ ಹೋದೆವು.

ಮುಂದೆ ಎಂದರೆ ಬಹಳ ಮುಂದೆ. ಎಂ.ಎ. ಆಯಿತು, ಬೀದರಿನಲ್ಲಿ ಪಾಠ ಹೇಳುವ ಕೆಲಸ ಸಿಕ್ಕಿತು. ಇತ್ತೀಚೆಗೆ ಮರೆತುಹೋದ ಲೇಖಕಿಯರ ಬಗ್ಗೆ ಒಂದು ಪುಸ್ತಕ ಬರುತ್ತದೆ, ಲೇಖನ ಕೊಡಿ ಎಂದು ಕೇಳಿದಾಗ ಔರಾದಿಗೆ ಹೋಗಿ ಅದೇ ರಟ್ಟಿನ ಪುಸ್ತಕ ಹುಡುಕಿ ತಂದೆ. ಹುಮ್ಮಸ್ಸಿನಿಂದ ಬರೆದೆ. ಗಂಡನ ಮನೆ ಬಿಟ್ಟ ಹೆಣ್ಣು ಸದ್ದಿಲ್ಲದೆ ತವರಿನ ಹೆಸರನ್ನು ಮರಳಿ ಪಡೆಯುತ್ತಾಳೆ. ಕಡಿದು ಬೀಳುತ್ತಿದ್ದ ವಾಕ್ಯಗಳು ಎರಡನೇ ಭಾಗದಲ್ಲಿ ಉದ್ದವಾಗುತ್ತವೆ. ಶಾರದಾ ಬಾಡಿಗೆ ಕೋಣೆಯಲ್ಲಿ ಕೂತು ರೊಟ್ಟಿ ತಿನ್ನುವುದು ಇಡೀ ಒಂದು ಪುಟದ ಒಂದೇ ವಾಕ್ಯ. ಪುಟಸಂಖ್ಯೆ ಮತ್ತೆ ಒಂದರಿಂದ ಶುರುವಾಗಿತ್ತು, ಅದನ್ನೂ 'ಹೊಸ ಬದುಕಿನ ಎಣಿಕೆ' ಎಂದು ವ್ಯಾಖ್ಯಾನಿಸಿದೆ. ನನಗೆ ನಾನೇ ಭೇಷ್ ಅಂದುಕೊಂಡೆ.

ಅಷ್ಟರಲ್ಲಿ ಪಾರ್ವತಿಬಾಯಿಯವರು ಇನ್ನೂ ಇದ್ದಾರೆ, ಭಾಲ್ಕಿಯಲ್ಲೇ ಇದ್ದಾರೆ ಎಂದು ಗೊತ್ತಾಯಿತು. ಲೇಖನವನ್ನೂ ಪುಸ್ತಕವನ್ನೂ ಚೀಲಕ್ಕೆ ಹಾಕಿಕೊಂಡು ಹೋದೆ.

ಅವರ ಕಣ್ಣುಗಳು ಮಂಜಾಗಿದ್ದವು, ಮಾತು ಚುರುಕಾಗಿತ್ತು. ಇಸ್ತ್ರಿ ಮಾಡಿದ ಸೀರೆ ಉಟ್ಟಿದ್ದರು. ಬೆಳಗಿನಿಂದ ಬಾಗಿಲ ಕಡೆಗೇ ಕಿವಿ ಇಟ್ಟು ಕೂತಾರ್ರಿ ಎಂದು ಸೊಸೆ ಹೇಳಿದಳು. ಅವರ ಬಗ್ಗೆ ಅಲ್ಲಿಯವರೆಗೆ ಅಚ್ಚಾದದ್ದು ವಿಮರ್ಶಕನೊಬ್ಬನ ಒಂದೇ ಒಂದು ಸಾಲಂತೆ: ಹೆಂಗಸರು ಮಧ್ಯಾಹ್ನ ಓದಲು ಅಡ್ಡಿಯಿಲ್ಲ. "ಮಧ್ಯಾಹ್ನ ಯಾವ ಹೆಂಗಸಿಗಿ ಪುರಸೊತ್ತು ಇತ್ತೋ, ಆ ಪುಣ್ಯಾತ್ಮಗೇ ಗೊತ್ತು" ಎಂದು ನಕ್ಕರು.

ಲೇಖನ ಓದತೊಡಗಿದೆ. ಕಡಿದ ವಾಕ್ಯಗಳ ತಂತ್ರ ಎಂಬಲ್ಲಿ ಕೈ ಎತ್ತಿ ತಡೆದರು. "ತಂತ್ರ ಎಲ್ಲೀದವ್ವ. ಒಳಗಿಂದ ಕರೀತಿದ್ರು, ಎದ್ದು ಹೋಗ್ತಿದ್ದೆ. ತಿರಗಿ ಬರೂದ್ರಾಗ ಆ ಮಾತು ಮರತೇ ಹೋಗಿರ್ತಿತ್ತು." ಆದರೂ ಮುಖ ಅರಳಿತ್ತು. ನಾನು ಉತ್ಸಾಹದಿಂದ ಎರಡನೇ ಭಾಗಕ್ಕೆ ಬಂದೆ.

"ಶಾರದಾ ಅಂದ್ರ ಯಾರು?"

ವಯಸ್ಸಿನ ಮರೆವು ಅಂದುಕೊಂಡೆ. ತವರಿನ ಹೆಸರು, ಹೊಸ ಬದುಕು ಎಂದೆಲ್ಲ ಅವರ ಕತೆಯನ್ನು ಅವರಿಗೇ ವಿವರಿಸಿದೆ. ಅವರು ಪೂರ್ತಿ ಕೇಳಿಸಿಕೊಂಡರು.

"ನಾ ಆಕಿನ್ನ ಬಸ್‌ಸ್ಟ್ಯಾಂಡಿನ್ಯಾಗ ಕೂಡಿಸಿ ಬಿಟ್ಟೀನವ್ವ. ಮುಂದ ಬರದಿಲ್ಲ. ಬರೀಲಕ್ಕ ಧೈರ್ಯ ಆಗಿಲ್ಲ."

ಪುಸ್ತಕವನ್ನು ಕಿಟಕಿಯ ಬೆಳಕಿಗೆ ಹಿಡಿದೆ. ಎರಡನೇ ಭಾಗದ ಕಾಗದ ಬೇರೆ, ಅಕ್ಷರದ ಗಾತ್ರ ಬೇರೆ. ಖರ್ಚು ಉಳಿಸಲು ಯಾರೋ ಎರಡು ತೆಳ್ಳನೆಯ ಕಾದಂಬರಿಗಳನ್ನು ಒಂದೇ ರಟ್ಟಿನಲ್ಲಿ ಹೊಲಿದಿದ್ದರು. ನನ್ನ ಹೊಗಳಿಕೆಯ ಮುಕ್ಕಾಲು ಪಾಲು ಆ ಇನ್ನೊಬ್ಬಳಿಗೆ ಸೇರಬೇಕಾದದ್ದು. ಇಸ್ತ್ರಿಯ ಸೀರೆ ಉಟ್ಟು ಕೂತವರಿಗೆ ಈಗ ಏನು ಹೇಳುವುದು? ಇದ್ದದ್ದನ್ನು ಇದ್ದಂತೆ ಹೇಳಿ, ಈ ಲೇಖನ ಬಿಟ್ಟುಬಿಡ್ತೀನ್ರಿ ಬಾಯಿ ಅಂದೆ.

ಅವರು ಪುಸ್ತಕದ ಕಡೆ ಕೈ ಮಾಡಿದರು. ಆಕಿದು ಓದು, ಕೇಳ್ತೀನಿ ಅಂದರು.

ಓದಿದೆ. ರೊಟ್ಟಿಯ ಪುಟ ಬಂದಾಗ ಇನ್ನೊಮ್ಮೆ ಓದಿಸಿದರು. ಮುಗಿದ ಮೇಲೆ ಸೆರಗಿನ ಅಂಚನ್ನು ಬೆರಳಿಗೆ ಸುತ್ತಿಕೊಂಡರು. "ನನಗಿಂತ ಛೊಲೋ ಬರದಾಳ" ಅಂದರು. ಆ ಮಾತು ಸುಲಭವಾಗಿ ಬಂದದ್ದಲ್ಲ, ನನಗೆ ಗೊತ್ತಾಯಿತು.

ಏಳುವಾಗ ಕೈ ಹಿಡಿದರು. "ಬಸ್‌ಸ್ಟ್ಯಾಂಡಿನ ತನಕ ನಂದು ಅಂತ ಬರಿ. ಮುಂದ ಒಯ್ದಾಕಿ ಬ್ಯಾರೆ. ಇಷ್ಟು ವರ್ಷ ನನ್ನ ಹೆಸರಿನ ಕೆಳಗ ಮುಚ್ಚಿಹೋಗ್ಯಾಳಲ್ಲ, ಆಕಿ ಯಾರು ನೋಡು. ಮತ್ತ ನಿನಗ ಡಿಗ್ರಿ ಯಾತಕ್ಕ ಕೊಟ್ಟಾರ?"

ಮರಳಿ ಬರುವ ಬಸ್ಸಿನಲ್ಲಿ ಅವರ ಒಂದು ಮಾತು ಹಿಂದೆಯೇ ಬಂತು. ಕೂಡಿಸಿ ಬಿಟ್ಟೀನಿ. ಪುಸ್ತಕ ತೆರೆದು ಮೊದಲ ಕಾದಂಬರಿಯ ಕೊನೆಯ ಸಾಲು ನೋಡಿದೆ: ಕಮಲಾ ಟ್ರಂಕನ್ನು ಕೆಳಗಿಟ್ಟು ಬೆಂಚಿನ ಮೇಲೆ ಕೂಡುತ್ತಾಳೆ. ಹಿಂದೆ ತಿರುವುತ್ತಾ ಹೋದೆ. ಒಲೆಯ ಮುಂದೆ, ಬಾವಿಯ ಹತ್ತಿರ, ಬಾಗಿಲ ಮರೆಯಲ್ಲಿ ಆಕೆ ನಿಂತೇ ಇದ್ದಾಳೆ. ಇಡೀ ಕತೆಯಲ್ಲಿ ಕಮಲಾ ಕೂತದ್ದು ಆ ಒಂದು ಸಾಲಿನಲ್ಲಿ ಮಾತ್ರ. ಅಲ್ಲಿ ಅವಳನ್ನು ಯಾರೂ ಕರೆಯುವುದಿಲ್ಲ, ವಾಕ್ಯವೂ ಪೂರ್ತಿಯಾಗುತ್ತದೆ. ಧೈರ್ಯ ಆಗಿಲ್ಲ ಅಂದವರು ಬರೆದ ಸಾಲು ಅದು. ಶಾರದಾಳನ್ನು ಮುಟ್ಟುವ ಅವಸರದಲ್ಲಿ ನಾನು ಅದನ್ನು ದಾಟಿಬಿಟ್ಟಿದ್ದೆ.

ಲೇಖನವನ್ನು ಮೊದಲಿನಿಂದ ಬರೆದೆ, ಆ ಬೆಂಚಿನ ಬಗ್ಗೆ. ಫೋನಿನಲ್ಲಿ ಓದಿ ಹೇಳಿದಾಗ ಪಾರ್ವತಿಬಾಯಿ "ಹೌದಲ್ಲ, ಕೂಡಿಸೀನಿ" ಅಂದರು, ಯಾರೋ ಬರೆದ ಕತೆಯ ಬಗ್ಗೆ ಮಾತಾಡುವವರ ಹಾಗೆ. ಮರುಗಳಿಗೆಯೇ, "ಆಕಿ ಸಿಕ್ಕಳೇನು?" ಎಂದು ಕೇಳಿದರು.

ಸಿಕ್ಕಿಲ್ಲ. ಟ್ರಂಕು ಹಿಡಿದು ಬಸ್ ಇಳಿಯುವ ಶಾರದಾಳ ಕತೆ ನಿಮ್ಮ ಮನೆಯಲ್ಲಿ ಯಾರಾದರೂ ಓದಿದ್ದರೆ ಕೇಳಿ ನೋಡಿ. ನಿಮ್ಮ ಅತ್ತೆ, ಅಜ್ಜಿ, ಯಾರಾದರೂ. ಬರೆದವಳೇ ನಿಮ್ಮ ಅಜ್ಜಿ ಇರಬಹುದು, ಹೇಳಲಿಕ್ಕಾಗುವುದಿಲ್ಲ.

ಅಂಟು ಉಕ್ಕಿ ಬಂದಿತ್ತು. ಚಾಚಾ ಸ್ಟೋವು ಸಣ್ಣ ಮಾಡಿ, ನನ್ನ ಕೈಯಲ್ಲಿದ್ದ ಕಮಲಾಳ ಕಟ್ಟು, ಶಾರದಾಳ ಕಟ್ಟು ಎರಡನ್ನೂ ನೋಡಿ ನನ್ನ ಮುಖ ನೋಡಿದರು.

"ಒಂದರಾಗೇ ಹೊಲೀರಿ ಚಾಚಾ" ಅಂದೆ. "ನಡುವ ಒಂದು ಖಾಲಿ ಹಾಳಿ ಹಾಕ್ರಿ."

"ಖಾಲಿ ಯಾಕ್ರಿ?"

"ಒಂದು ಹೆಸರು ಬರೂದದ."