ಬಡ್ಡಿ ಬೇಡ ಅಂದವರ ತೆಂಗಿನ ಸಸಿ

ಸ್ನೇಹಿತರೇ, ಬಡ್ಡಿ ಬೇಡ ಅನ್ನೋರು ಮನೆಗೆ ಬಂದರೆ ಮೊದಲು ಅವರು ಏನು ಹೊತ್ತು ತಂದಿದ್ದಾರೆ ನೋಡಿ.

ಅಂಬಾಜಿದುರ್ಗದ ಕೆಳಗಿನ ನಮ್ಮ ಜಮೀನಿಗೆ ಪಂಪ್‌ಸೆಟ್ ಹಾಕಿಸೋಕೆ ದುಡ್ಡು ಬೇಕಿತ್ತು. ಇವತ್ತು ಬೆಳಿಗ್ಗೆ, ಸಾಲ ಕೊಡ್ತೀನಿ ಅಂದಿದ್ದ ಹುಣಸೆ ಮಂಡಿ ಯಜಮಾನರು ಚಿಂತಾಮಣಿಯ ನಮ್ಮ ಮನೆ ನೋಡೋಕೆ ಬಂದರು.

"ಒಂದು ನಯಾಪೈಸೆ ಬಡ್ಡಿ ಬೇಡ ಮೇಷ್ಟ್ರೇ. ಮನೆ ಮೂರು ವರ್ಷ ಭೋಗ್ಯಕ್ಕೆ ಕೊಡಿ, ನಾವು ವಾಸ ಇರ್ತೀವಿ. ನೀವು ಅಸಲು ಕೊಟ್ಟ ದಿನ ಖಾಲಿ ಮಾಡ್ತೀವಿ."

ನಾನು ಕರಗಿಹೋದೆ. ಅಮ್ಮ ಕರಗಲಿಲ್ಲ.

"ಅಲ್ಲಿವರೆಗೂ ನಾವು ಬೇರೆ ಮನೆಗೆ ಬಾಡಿಗೆ ಕಟ್ಟಬೇಕಲ್ಲಪ್ಪ, ಅದು ಬಡ್ಡಿ ಅಲ್ವಾ?" ಅಂದಳು.

ಯಜಮಾನರು ನಕ್ಕು, ಜಟಕಾದಿಂದ ತೆಂಗಿನ ಸಸಿ ಇಳಿಸಿ, ಹಿತ್ತಲಲ್ಲಿ ಜಾಗ ಹುಡುಕತೊಡಗಿದರು. ಅಮ್ಮ ಹಿಂದೆಯೇ ಹೋದಳು.

"ತೆಂಗು ಕಾಯಿ ಬಿಡೋಕೆ ಏಳೆಂಟು ವರ್ಷ ಬೇಕು. ನೀವು ಇರೋದು ಮೂರೇ ಅಲ್ವಾ ಸ್ವಾಮಿ?"

"ಮೇಷ್ಟ್ರ ಸಂಬಳದಲ್ಲಿ ಮೂರು ವರ್ಷಕ್ಕೆ ಅಸಲು ಎಲ್ಲಿ ಹುಟ್ಟುತ್ತೆ ತಾಯಿ!"

ಕೈ ಮುಗಿದು ಕಳಿಸಿಬಿಟ್ಟೆವು. ಆದರೆ ಸಸಿ ವಾಪಸ್ ಒಯ್ಯಲಿಲ್ಲ ಪುಣ್ಯಾತ್ಮ. ಜಟಕಾ ಹತ್ತುತ್ತಾ ಹೇಳಿದ್ದು ಇಷ್ಟೇ: "ಇರಲಿ ಬಿಡಿ, ನಾವು ಬರೋವರೆಗೂ ನೀರು ಹಾಕ್ತಿರಿ."