ಡ್ರಮ್ಮಿಗೊಂದು ಮಗ್

ಇಪ್ಪತ್ತೆರಡು ವರ್ಷದಿಂದ ಕ್ಲಬ್ಬಿನ ಈಜುಕೊಳ ನೋಡಿಕೊಳ್ಳುತ್ತಿದ್ದವನನ್ನು ಎಲ್ಲರೂ ‘ಕ್ಲೋರಿನ್ ಅಣ್ಣ’ ಎಂದೇ ಕರೆಯುತ್ತಿದ್ದರು. ನೀರಿಗೆ ಹಾಕುವ ಪುಡಿಯದೊಂದು ಡ್ರಮ್, ಬಿಲ್ಲೆಯದೊಂದು ಡ್ರಮ್. ಎರಡೂ ಕ್ಲೋರಿನ್ನೇ, ಆದರೆ ಅವುಗಳದು ಎಣ್ಣೆ ಸೀಗೆಕಾಯಿ ಸಂಬಂಧ, ಬೆರೆತರೆ ಹೊತ್ತಿಕೊಳ್ಳುತ್ತವೆ. ಅದಕ್ಕೇ ಅಣ್ಣ ಅವನ್ನು ಬೇರೆ ಬೇರೆ ಕೋಣೆಯಲ್ಲಿಟ್ಟು, ತೋಡುವ ಮಗ್ಗನ್ನು ಆಯಾ ಡ್ರಮ್ಮಿಗೇ ದಾರದಿಂದ ಕಟ್ಟಿದ್ದ. ಅತ್ತೆ ಸೊಸೆಗೆ ಒಂದೇ ಸೌಟು ಕೊಡಬಾರದು ಎಂದು ತಮಾಷೆ ಮಾಡುತ್ತಿದ್ದ.

ಹೆಂಡತಿಯ ತಮ್ಮ ಕೆಲಸವಿಲ್ಲದೆ ಅಲೆಯುತ್ತಿದ್ದಾಗ ಅವರಿವರ ಕೈಕಾಲು ಹಿಡಿದು ಅಲ್ಲಿಗೇ ಸೇರಿಸಿದವನೂ ಈತನೇ. ಪಕ್ಕದಲ್ಲೇ ನಿಂತು ಎಲ್ಲವನ್ನೂ ಕಲಿಸಿದ. ತನ್ನವರನ್ನು ನಂಬುವುದು ಈ ಮನುಷ್ಯನಿಗೆ ಅಂಟಿದ್ದ ಒಂದೇ ಒಂದು ಕೆಟ್ಟ ಚಟ.

ಹಲ್ಲು ಕೀಳಿಸಲು ಅಣ್ಣ ಒಂದು ದಿನ ರಜೆ ಹಾಕಿದ. ಎರಡು ಕೋಣೆಗೆ ಓಡಾಡುವ ಉಸಾಬರಿ ಯಾಕೆಂದು ಭಾವಮೈದುನ ಡ್ರಮ್ಮುಗಳನ್ನು ಜೊತೆಗಿಟ್ಟು, ಒಂದೇ ಮಗ್ಗಿನಿಂದ ಎರಡನ್ನೂ ತೋಡಿದ. ಮಧ್ಯಾಹ್ನದ ಹೊತ್ತಿಗೆ ಹೊಗೆ ಎದ್ದಿತು. ಹೊಗೆ ಕಂಡು ಹಿಂದಿನ ಬೀದಿಯ ಮನೆಯಿಂದ ಊದಿದ ಕೆನ್ನೆ ಹಿಡಿದುಕೊಂಡೇ ಓಡಿಬಂದ ಅಣ್ಣ, ಬೆಂಕಿಗೆ ಸುರಿಯಲು ಹೊರಟಿದ್ದ ಕಾವಲುಗಾರನ ಕೈಯಿಂದ ಬಕೆಟ್ ಕಿತ್ತುಕೊಂಡ. ಒಂದು ಬಕೆಟ್ಟಿನಷ್ಟು ನೀರು ಈ ಉರಿಯನ್ನು ಕೆರಳಿಸುತ್ತದೆಯೇ ಹೊರತು ಆರಿಸುವುದಿಲ್ಲ. ಈಜುತ್ತಿದ್ದವರನ್ನೆಲ್ಲ ಹೊಗೆ ಹೋಗದ ಕಡೆಗೆ ಅಟ್ಟಿ, ಫೈರ್ ಇಂಜಿನ್ ಕರೆಸಿದ. ಕೋಣೆ ಸುಟ್ಟು ಬೂದಿಯಾಯಿತು, ಜನ ಉಳಿದರು.

ಮರುದಿನ ವಿಚಾರಣೆ. ಇದು ಹೇಗಾಯಿತೆಂದು ಕಾರ್ಯದರ್ಶಿ ಕೇಳಿದಾಗ ಭಾವಮೈದುನ ನೆಲ ನೋಡುತ್ತ ಹೇಳಿದ:

“ಭಾವನೇ ಹೇಳ್ಕೊಟ್ಟಿದ್ದು ಸಾರ್. ಒಂದೇ ಮಗ್ ಸಾಕು ಅಂತಿದ್ರು.”

ಅಣ್ಣ ದಡಬಡಿಸಿ ಎದ್ದ. ಸುಳ್ಳು ಎಂದ, ಆಣೆ ಮಾಡಿದ. ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಸ್ವಂತ ಭಾವನ ಮೇಲೆ ಯಾರಾದರೂ ಸುಳ್ಳು ಹೇಳುತ್ತಾರೆಯೇ ಎಂದರು. ಕೆಲಸ ಹೋಯಿತು. ಅದಕ್ಕಿಂತ ಹೆಚ್ಚಾಗಿ, ಇಷ್ಟು ವರ್ಷ ಕಾಪಾಡಿಕೊಂಡ ಹೆಸರು ಒಂದೇ ಮಾತಿಗೆ ಮಣ್ಣುಪಾಲಾಯಿತು.

ಮನೆಗೆ ಬಂದವನೇ ಹೆಂಡತಿಯ ಮುಂದೆ ಕೂತ. ನಿನ್ನ ತಮ್ಮ ನಿನ್ನ ಮಾತು ಮೀರುವವನಲ್ಲ, ನಾಳೆ ಹೋಗಿ ನಿಜ ಹೇಳಲಿ, ಕೆಲಸ ಹೋದರೆ ಹೋಗಲಿ, ಹೆಸರೊಂದು ಉಳಿಸಿಕೊಡು ಎಂದು ಅಂಗಲಾಚಿದ. ಆಕೆ ಬಟ್ಟೆ ಮಡಿಸುವುದನ್ನು ನಿಲ್ಲಿಸಲಿಲ್ಲ.

“ನಿನ್ನೆ ಸಂಜೆನೇ ಅವನು ಬಂದು ಅತ್ಕೊಂಡ. ಹಾಗೆ ಹೇಳು ಅಂದಿದ್ದು ನಾನೇ” ಎಂದಳು. “ಅವನ ಮಕ್ಕಳಿನ್ನೂ ಚಿಕ್ಕವು. ನೀವಾದ್ರೆ ಹೇಗೂ ಸಹಿಸ್ಕೋತೀರಿ ಅಂತ ಗೊತ್ತಿತ್ತು.”