ಅಲುಗದ ಗೆರೆ

ಬೆಳಿಗ್ಗೆ ಒಂಬತ್ತು ಗಂಟೆ ಹದಿನೆಂಟು ನಿಮಿಷ. ಓಟಿಲಿಯಾ ಗಾವ್ಲಾಸ್ ಹಂದಿಕೊಬ್ಬು ಸವರಿದ ಬ್ರೆಡ್ಡಿನ ಮೇಲೆ ಉಪ್ಪುನೀರಿನ ಸೌತೆಕಾಯಿಯ ಹೋಳು ಇಡುತ್ತಿದ್ದಳು. ಇಟ್ಟ ಕೈ ಅಲ್ಲೇ ನಿಂತಿತು. ಎದುರಿನ ಪರದೆಯಲ್ಲಿ ಏಳನೇ ಗೋಡೆಯ ಗೆರೆ ಇಸ್ತ್ರಿ ಹಾಕಿದ ಹಾಗೆ ಸಪಾಟಾಗಿತ್ತು. ಪಾಳಿ ಶುರುವಾದಾಗಿನಿಂದ ಅದು ಒಮ್ಮೆಯೂ ಅಲುಗಿರಲಿಲ್ಲ ಎಂಬುದು ಅವಳಿಗೆ ಆಗ ಹೊಳೆಯಿತು.

ಸಿಲೇಸಿಯಾದ ಆ ಕಲ್ಲಿದ್ದಲು ಗಣಿಯಲ್ಲಿ ಅವಳ ಅರ್ಧ ಆಯುಷ್ಯ ಕಳೆದಿತ್ತು. ನೆಲದ ಮೇಲಿನ ನಿಯಂತ್ರಣ ಕೊಠಡಿಯಲ್ಲಿ ಕೂತು, ಕೆಳಗಿನ ಸುರಂಗಗಳಲ್ಲಿ ತೂಗುಹಾಕಿದ ಮಾಪಕಗಳು ಕಳಿಸುವ ಮೀಥೇನ್ ಅಂಕಿಗಳನ್ನು ಕಾಯುವುದು ಅವಳ ಕೆಲಸ. ಕಲ್ಲಿದ್ದಲನ್ನು ಕೊರೆದಾಗ ಅದರೊಳಗೆ ಸಿಕ್ಕಿಕೊಂಡಿದ್ದ ಅನಿಲ ಹೊರಗೆ ಬರುತ್ತದೆ. ಅದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ಗಾಳಿಯಲ್ಲಿ ಅದು ನೂರಕ್ಕೆ ಎರಡು ಪಾಲು ದಾಟಿದರೆ ಮಾಪಕವೇ ಆ ಜಾಗದ ಕರೆಂಟು ಕಡಿಯುತ್ತದೆ. ಐದು ಮುಟ್ಟಿದರೆ ಸ್ಫೋಟಕ್ಕೆ ಒಂದು ಕಿಡಿ ಸಾಕು. ಗಣಿಯಲ್ಲೇ ದುಡಿದಿದ್ದ ಓಟಿಲಿಯಾಳ ಅಪ್ಪ ಆ ಐದರ ಬಗ್ಗೆ ಮನೆಯಲ್ಲಿ ಬಾಯಿ ಬಿಟ್ಟವನಲ್ಲ. ಅವನ ಎಡಗೆನ್ನೆಯ ಸುಟ್ಟ ಚರ್ಮವೇ ಹೇಳಬೇಕಾದ್ದನ್ನು ಹೇಳುತ್ತಿತ್ತು.

ಕೊಠಡಿಯಲ್ಲಿ ಒಂದು ಕಟ್ಟಳೆ: ಅಪಾಯದ ಅಂಕಿಯನ್ನು ಕಂಡವರು ಗಟ್ಟಿಯಾಗಿ ಓದಬೇಕು, ಇನ್ನೊಬ್ಬರು ಕೇಳಿಸಿಕೊಳ್ಳಬೇಕು. ಈ ರೂಢಿ ಅವಳ ಜೊತೆ ಮನೆಗೂ ಬಂದಿತ್ತು. ಮಗಳಿಗೆ ಜ್ವರ ಬಂದರೆ ಥರ್ಮಾಮೀಟರ್ ನೋಡಿ, ಎದುರಿಗೆ ಯಾರಿಲ್ಲದಿದ್ದರೂ, ಅಂಕಿ ಓದಿಬಿಡುತ್ತಿದ್ದಳು. ಕಣ್ಣಿಗೆ ಕಾಣದ ಅಂಕಿ ಅವಳ ಬಾಯಿಂದ ಯಾವತ್ತೂ ಬಂದಿರಲಿಲ್ಲ.

ಗೋಡೆ ಎಂದರೆ ಕಲ್ಲಿದ್ದಲು ಕೊರೆಯುವ ಉದ್ದನೆಯ ಮುಖ. ಏಳನೆಯದರ ಮೇಸ್ತ್ರಿ ಅವಳ ಗಂಡ ಅಲ್ಫೋನ್ಸ್. ಕೊರೆಯುವ ಯಂತ್ರ ಆ ತುದಿಯಿಂದ ಈ ತುದಿಗೆ ಬಂದಾಗಲೆಲ್ಲ ಮಾಪಕದ ಗೆರೆ ಏರಬೇಕು, ಹೋದಾಗ ಇಳಿಯಬೇಕು. ಅದೂ ಅಲ್ಲದೆ ಬೆಳಗಿನಿಂದ ದಕ್ಷಿಣದ ಬೆಟ್ಟಗಳ ಬಿಸಿಗಾಳಿ ಬೀಸುತ್ತಿತ್ತು, ಬಾರೋಮೀಟರ್ ಇಳಿಯುತ್ತಲೇ ಇತ್ತು. ಹೊರಗೆ ಒತ್ತಡ ಇಳಿದ ದಿನ, ಕೊರೆದು ಬಿಟ್ಟ ಹಳೆಯ ಪೊಳ್ಳುಗಳಿಂದ ಅನಿಲ ಇನ್ನೂ ಹೆಚ್ಚಾಗಿ ನುಗ್ಗುತ್ತದೆ. ಏಳನೇ ಗೋಡೆ ಮಾತ್ರ ಸೊನ್ನೆ ಪಾಯಿಂಟ್ ನಾಲ್ಕು ಎನ್ನುತ್ತಿತ್ತು, ಅಷ್ಟೇ ಎನ್ನುತ್ತಿತ್ತು.

ಅವಳು ಗಾಳಿಬಾವಿಯ ಅಂಕಿ ತೆಗೆದು ನೋಡಿದಳು. ಗಣಿಯ ಕೊಳಕು ಗಾಳಿಯನ್ನೆಲ್ಲ ದೊಡ್ಡ ಫ್ಯಾನು ಆ ಬಾವಿಯಿಂದ ಮೇಲಕ್ಕೆಳೆದು ಆಕಾಶಕ್ಕೆ ಬಿಡುತ್ತದೆ, ನಿಮಿಷಕ್ಕೆ ಇಪ್ಪತ್ತು ಸಾವಿರ ಘನ ಮೀಟರಿನಂತೆ. ದಿನವೂ ಅದರಲ್ಲಿ ನೂರಕ್ಕೆ ಸೊನ್ನೆ ಪಾಯಿಂಟ್ ಎರಡು ಪಾಲು ಮೀಥೇನ್ ಇರುತ್ತಿತ್ತು. ಈಗ ಸೊನ್ನೆ ಪಾಯಿಂಟ್ ಮೂರು. ಮನಸ್ಸಿನಲ್ಲೇ ಗುಣಿಸಿದಳು: ನಿಮಿಷಕ್ಕೆ ನಲವತ್ತು ಘನ ಮೀಟರ್ ಹೋಗುತ್ತಿದ್ದ ಕಡೆ ಅರವತ್ತು ಹೋಗುತ್ತಿದೆ. ಉಳಿದ ಗೋಡೆಗಳು ಕೊಂಚ ಕೊಂಚ ಏರಿದ್ದವು ನಿಜ, ಆದರೆ ಎಲ್ಲ ಕೂಡಿದರೂ ಇಪ್ಪತ್ತರ ಹತ್ತಿರಕ್ಕೂ ಬರುತ್ತಿರಲಿಲ್ಲ. ಏಳನೆಯದನ್ನು ನಿಲ್ಲಿಸಬೇಕು ಎಂದಳು.

ಪಕ್ಕದ ಮೇಜಿನ ಹಿರಿಯ ಅಧಿಕಾರಿ ಝೆನೋನ್ ಬಗ್ಗಿ ನೋಡಿದ. ಗೋಡೆ ಹಸಿರು ತೋರಿಸುತ್ತಿರುವಾಗ ಬಾರೋಮೀಟರ್ ನೆಪದಲ್ಲಿ ಕೆಲಸ ನಿಲ್ಲಿಸಿದರೆ ಅಲ್ಫೋನ್ಸ್ ಹಬ್ಬದ ದಿನ ತಮ್ಮಿಬ್ಬರನ್ನೂ ಬಿಯರಿನಲ್ಲೇ ಮುಳುಗಿಸುತ್ತಾನೆ ಎಂದು ನಕ್ಕ.

"ಹಾಗಾದ್ರೆ ಬಾವಿಯಲ್ಲಿ ಮೇಲೆ ಬರ್ತಿರೋದು ಯಾರ ಮನೇದು, ಝೆನೋನ್?" ಎಂದಳು.

ಝೆನೋನ್ ಎದ್ದು ಅವಳ ಪರದೆಯ ಬಳಿ ಬಂದ.

ಹಬ್ಬ ಎಂದರೆ ಗಣಿಯವರ ಕಾಪಾಡುವ ತಾಯಿ ಸಂತ ಬಾರ್ಬರಾಳ ಹಬ್ಬ. ಅದಕ್ಕೆ ಇನ್ನು ಒಂದೇ ವಾರ. ಆ ದಿನದ ಬಿಯರ್ ಕೂಟದಲ್ಲಿ ಗಂಡಸರು ಎರಡು ಸಾಲಾಗಿ ಕೂತು ಒಬ್ಬರನ್ನೊಬ್ಬರು ಹಾಡಿನಲ್ಲಿ ಹೀಯಾಳಿಸುತ್ತಾರೆ. ಈ ಗಣಿಯಲ್ಲಿ, ವರ್ಷದಲ್ಲಿ ಹೆಚ್ಚು ಕೊರೆದ ತಂಡಕ್ಕೆ ಮುಂದಿನ ಮೇಜು. ಕಡಿಮೆ ಕೊರೆದವರು ಬಾಗಿಲ ಪಕ್ಕದ ಹಿಂದಿನ ಮೇಜಿನಲ್ಲಿ ಕೂತು ರಾತ್ರಿಯಿಡೀ ಬೈಗುಳ ತಿನ್ನಬೇಕು. ಹೋದ ವರ್ಷ ತಿಂದವನು ಅಲ್ಫೋನ್ಸ್. ಮಾಪಕ ಪದೇ ಪದೇ ಕರೆಂಟು ಕಡಿದಿದ್ದೇ ಕಾರಣ ಎಂದು ವರ್ಷವಿಡೀ ಗೊಣಗಿದ್ದ. ಹಿಂದಿನ ದಿನ ಊಟಕ್ಕೆ ಕೂತಾಗ, ಈ ವಾರ ಮಾಪಕ ತಮ್ಮ ತಂಟೆಗೆ ಬರುವುದಿಲ್ಲ ಎಂದು ಕಣ್ಣು ಮಿಟುಕಿಸಿದ್ದ. ಅವಳೂ ನಕ್ಕಿದ್ದಳು.

ಆ ಉಪಾಯ ಎಲ್ಲರಿಗೂ ಗೊತ್ತಿತ್ತು. ಕೂಟದಲ್ಲಿ ಅದರ ಮೇಲೊಂದು ಹಾಡೂ ಇತ್ತು. ಒತ್ತಡದ ಗಾಳಿಯ ಪೈಪನ್ನು ಮಾಪಕದ ಪಕ್ಕಕ್ಕೆ ಕಟ್ಟಿ ಸಣ್ಣಗೆ ಬಿಟ್ಟರಾಯಿತು. ಸುತ್ತ ಏನೇ ತುಂಬಿದರೂ ಅದರ ಮೂಗಿಗೆ ಶುದ್ಧ ಗಾಳಿಯೇ.

ಅವಳು ಏಳನೇ ಗೋಡೆಗೆ ಫೋನ್ ಮಾಡಿದಳು.

"ದೇವರು ಒಳ್ಳೇದು ಮಾಡಲಿ," ಎಂದಳು. ಗಣಿಯ ಫೋನಿನಲ್ಲಿ ಯಾರೂ ಹಲೋ ಎನ್ನುವುದಿಲ್ಲ.

"ಮಾಡಲಿ, ಮಾಡಲಿ. ಏನ್ ಮೇಡಂ, ಸೂಪಿಗೆ ಉಪ್ಪೆಷ್ಟು ಅಂತ ಕೇಳೋಕೆ ಮಾಡಿದ್ರಾ?" ಅಲ್ಫೋನ್ಸನ ದನಿಯ ಹಿಂದೆ ಯಂತ್ರದ ಗದ್ದಲ, ಗಂಡಸರ ನಗು.

"ಮೆಷಿನ್ ನಿಲ್ಸು. ಎಲ್ಲರನ್ನೂ ಕರ್ಕೊಂಡು ಒಳ್ಳೆ ಗಾಳಿಗೆ ನಡಿ."

"ಅಂಕಿ ಹೇಳು ಮೊದ್ಲು."

ಪರದೆಯಲ್ಲಿದ್ದದ್ದು ಪಾಯಿಂಟ್ ನಾಲ್ಕು. ಅದನ್ನು ಹೇಳಿದರೆ ನಗುತ್ತಾನೆ. ಪೈಪಿನ ಮಾತೆತ್ತಿದರೆ ತನ್ನ ಹುಡುಗರೆದುರು ಇಲ್ಲವೆನ್ನುತ್ತಾನೆ, ವಾದ ಬೆಳೆಯುತ್ತದೆ, ಅಷ್ಟರಲ್ಲಿ ಯಂತ್ರದ ಹಲ್ಲು ಒಂದು ಕಲ್ಲಿಗೆ ತಾಗಿದರೆ ಸಾಕು.

"ಎರಡು ಪಾಯಿಂಟ್ ಒಂದು."

ಆ ಕಡೆ ನಗು ನಿಂತಿತು. "ಸಾಧ್ಯವೇ ಇಲ್ಲ," ಎಂದ.

"ಯಾಕೆ ಸಾಧ್ಯ ಇಲ್ಲ, ಅಲ್ಫೋನ್ಸ್?"

ಕಾರಣ ಹೇಳಬೇಕಾದರೆ ಅವನು ಪೈಪಿನ ಹೆಸರು ಹೇಳಬೇಕಿತ್ತು. ಓಟಿಲಿಯಾ ಏಳನೇ ಗೋಡೆಯ ಕರೆಂಟು ಕಡಿದಳು. ಫೋನಿನಲ್ಲಿ ಯಂತ್ರದ ಸದ್ದು ಸತ್ತಿತು.

ಆಮೇಲೆ ಕಾಯುವುದೊಂದೇ. ಕೆಳಗಿದ್ದ ಒಬ್ಬೊಬ್ಬನ ತಲೆದೀಪವೂ ನಕ್ಷೆಯ ಪರದೆಯಲ್ಲಿ ಒಂದು ಚುಕ್ಕೆ. ಚುಕ್ಕೆಗಳು ಇರುವೆಸಾಲಿನಂತೆ ಗೋಡೆ ಬಿಟ್ಟು ಹೊರಟವು. ಅವಳು ಉಸಿರು ಬಿಡುವಷ್ಟರಲ್ಲಿ ಕೊನೆಯ ಚುಕ್ಕೆ ನಿಂತಿತು, ಹಿಂದಕ್ಕೆ ತಿರುಗಿತು. ತಿರುಗಿ ಮಾಪಕವಿದ್ದ ಮೂಲೆಯ ಕಡೆಗೇ ಹೊರಟಿತು. ಅದು ಯಾರ ದೀಪ ಎಂದು ಅವಳು ನೋಡಬೇಕಾಗಿರಲಿಲ್ಲ. ತಪಾಸಣೆಯವರು ಬರುವ ಮೊದಲು ಪೈಪು ಬಿಚ್ಚಿಡಲು ಹೋಗುತ್ತಿದ್ದಾನೆ. ಫೋನು ಆ ಮೂಲೆಯಿಂದ ದೂರ, ಯಂತ್ರದ ಬಳಿಯೇ ಉಳಿದಿತ್ತು, ಅವನನ್ನು ಕೂಗುವ ದಾರಿ ಇರಲಿಲ್ಲ. ಪೈಪಿನ ತುದಿಗಿದ್ದದ್ದು ಕಬ್ಬಿಣದ ಮೂತಿ. ಕಬ್ಬಿಣ ಕಬ್ಬಿಣಕ್ಕೆ ತಾಗಿದರೆ ಏನಾಗುತ್ತದೆ ಎಂದು ಅಪ್ಪನ ಕೆನ್ನೆ ನೋಡಿ ಬೆಳೆದವಳು ಅವಳು. ಝೆನೋನ್ ಅವಳ ಕುರ್ಚಿಯ ಬೆನ್ನು ಹಿಡಿದು ನಿಂತಿದ್ದ.

ಚುಕ್ಕೆ ಮೂಲೆ ಮುಟ್ಟಿತು. ಗೆರೆ ಅಲುಗಿತು.

ಒಮ್ಮೆ ಅಲುಗಿದ್ದೇ ತಡ, ಗೆರೆ ಕಡಿದಾಗಿ ಏರತೊಡಗಿತು. ಎರಡು ದಾಟಿತು, ಮೂರು ದಾಟಿತು. ಚುಕ್ಕೆ ಆಗಲೇ ತಿರುಗಿ ಓಡುತ್ತಿತ್ತು. ಅವನು ಹಿಂದೆ ನೋಡುತ್ತಿಲ್ಲ, ಮಾಪಕದ ಮುಖ ಅವನಿಗೆ ಕಾಣುತ್ತಿಲ್ಲ. ಗೆರೆ ಎಲ್ಲಿ ನಿಂತಿತೋ ಆ ಅಂಕಿಯನ್ನು ಓಟಿಲಿಯಾ ಕಟ್ಟಳೆಯಂತೆ ಒಮ್ಮೆ ಗಟ್ಟಿಯಾಗಿ ಓದಿದಳು. ಝೆನೋನ್ ಕೇಳಿಸಿಕೊಂಡ, ಶಿಲುಬೆ ಗುರುತು ಹಾಕಿಕೊಂಡ.

ಮಧ್ಯಾಹ್ನ ಅಲ್ಫೋನ್ಸ್ ಮನೆಗೆ ಬಂದಾಗ ಅವಳು ಸೂಪು ಬಿಸಿಗಿಟ್ಟಿದ್ದಳು. ಕಿಟಕಿಯಾಚೆ ಗಾಳಿಬಾವಿಯ ಫ್ಯಾನು ಗುಂಯ್ ಎನ್ನುತ್ತಿತ್ತು. ಏಳನೇ ಗೋಡೆಯಲ್ಲಿ ತುಂಬಿದ್ದದ್ದೆಲ್ಲ ಈಗ ಆ ಬಾವಿಯಿಂದ ಹೊರಬಿದ್ದು, ಒಣಹಾಕಿದ ಬಟ್ಟೆಗಳ ಮೇಲೆ, ಎಲೆಕೋಸಿನ ಮಡಿಗಳ ಮೇಲೆ ಹಾದು ಹೋಗುತ್ತಿತ್ತು. ಹೊರಗೆ ಹೋದರೆ ಮುಗಿಯಿತು ಎಂದು ಇಷ್ಟು ವರ್ಷ ಅಂದುಕೊಂಡಿದ್ದಳು. ಇವತ್ತು, ಕಣ್ಣಿಗೆ ಕಾಣದ್ದು ಅಲ್ಲೂ ತುಂಬಿದೆ ಎನಿಸಿ, ಆ ಖಾಲಿ ಆಕಾಶವನ್ನು ನೋಡಲೂ ಅವಳಿಗೆ ಅಂಜಿಕೆಯಾಯಿತು.

"ಎರಡು ಪಾಯಿಂಟ್ ಒಂದಕ್ಕೆ ಇಡೀ ಪಾಳಿ ಹಾಳು ಮಾಡಿದ್ಯಲ್ಲೇ," ಎಂದ ಅಲ್ಫೋನ್ಸ್, ಚಮಚ ಎತ್ತುತ್ತ. "ಚೂರು ಹೆಚ್ಚಾಗಿದ್ದಕ್ಕೆ ಇಷ್ಟೊಂದು ರಂಪ. ಈ ಸಲಾನೂ ನಮಗೆ ಬಾಗಿಲ ಪಕ್ಕವೇ ಗತಿ."

ಅವಳು ಸೌಟು ಕೆಳಗಿಟ್ಟಳು.

"ಎರಡು ಪಾಯಿಂಟ್ ಒಂದು ಸುಳ್ಳು. ಪರದೆ ಮೇಲೆ ಇದ್ದಿದ್ದು ಪಾಯಿಂಟ್ ನಾಲ್ಕು."

ಅವನು ಬಾಯಿ ತೆರೆದ. ಅವಳು ಕೈಯೆತ್ತಿ ತಡೆದಳು.

"ನೀನು ಪೈಪು ಬಿಚ್ಚೋಕೆ ವಾಪಸ್ ಹೋದ್ಯಲ್ಲ. ಬಿಚ್ಚಿದ ಮೇಲೆ ಬಂದ ಅಂಕಿ ಗಟ್ಟಿಯಾಗಿ ಓದಿದೀನಿ. ಝೆನೋನ್ ಕೇಳಿಸ್ಕೊಂಡಿದಾರೆ."

ಚಮಚ ಬಾಯಿಗೆ ಹೋಗುವ ದಾರಿಯಲ್ಲೇ ನಿಂತಿತ್ತು. "ಎಷ್ಟು?" ಎಂದ ಅವನು, ಮೆಲ್ಲಗೆ.

"ನಾಲ್ಕು ಪಾಯಿಂಟ್ ಆರು."